ಚೌಕಟ್ಟಿನಲ್ಲಿ ಉಳಿದ ಮುಖ

ರಿಪೇರಿ ಅಕ್ಕ ಎಂಬ ಹೆಸರು ಕೇಳಿ, ಕೆಟ್ಟುಹೋದ ಇಸ್ತ್ರಿಪೆಟ್ಟಿಗೆ ಹಿಡಿದುಕೊಂಡು ಅವಳ ಮನೆ ಬಾಗಿಲು ತಟ್ಟಿದವರು ಒಬ್ಬಿಬ್ಬರಲ್ಲ. ಅಂಥವರನ್ನು ಅವಳು ಬಯ್ಯದೆ, ನಗದೆ, ಹಿಂದಿನ ಬೀದಿಯ ಅಂಗಡಿಗೆ ಕಳಿಸುತ್ತಿದ್ದಳು. ಅವಳು ರಿಪೇರಿ ಮಾಡುತ್ತಿದ್ದುದು ಹಳೆಯ ಕಂಪ್ಯೂಟರ್ ಪ್ರೋಗ್ರಾಮುಗಳನ್ನು. ಬೂದು ಬಣ್ಣದ ಕಿಟಕಿ, ಚೌಕ ಚೌಕ ಬಟನ್ನು, ಸಣ್ಣ ಅಕ್ಷರ. ಬರೆದವರು ಯಾವತ್ತೋ ಕೈ ತೊಳೆದುಕೊಂಡು ಹೋಗಿರುತ್ತಾರೆ, ಬಳಸುವವರು ಮಾತ್ರ ಬಿಡಲೊಲ್ಲರು. ಹಲ್ಲಿನ ಡಾಕ್ಟರು, ಗೋದಾಮಿನವರು, ಗ್ರಂಥಾಲಯದವರು, ಎಲ್ಲರೂ ಅವಳಿಗೇ ಫೋನ್ ಮಾಡುತ್ತಿದ್ದರು. ಹೊಸ ಕಾಲದವರು ಬಂದು ನೋಡಿ ಮೂಗು ಮುರಿದು, ಇದನ್ನೆಲ್ಲ ಕೆಡವಿ ಹೊಸದಾಗಿ ಕಟ್ಟಬೇಕು ಎನ್ನುತ್ತಿದ್ದರು. ನಡೆಯುವುದನ್ನು ಯಾಕೆ ಕೆಡವಬೇಕು ಎಂಬುದು ಅಕ್ಕನ ಪ್ರಶ್ನೆ. ಅದಕ್ಕೆ ಸರಿಯಾದ ಉತ್ತರ ಕೊಟ್ಟವರನ್ನು ಅವಳು ಕಂಡಿರಲಿಲ್ಲ.

ಕೂದಲು ಅರ್ಧ ನೆರೆತಿತ್ತು, ಕನ್ನಡಕದ ಒಂದು ಕಾಲು ಸಡಿಲವಾಗಿತ್ತು. ಊರಿನವರ ಪ್ರೋಗ್ರಾಮನ್ನೆಲ್ಲ ಸರಿ ಮಾಡುವವಳಿಗೆ ಆ ಒಂದು ತಿರುಪು ಬಿಗಿ ಮಾಡಿಕೊಳ್ಳಲು ಪುರುಸೊತ್ತಿರಲಿಲ್ಲ. ಕೆಲಸಕ್ಕೆ ಕೂತರೆ ಅವಳ ಕಿವಿ ಕೆಲಸ ನಿಲ್ಲಿಸುತ್ತಿತ್ತು. ಅವಳ ಗಂಡ ಶಾಲೆಯಲ್ಲಿ ಡ್ರಿಲ್ ಮೇಷ್ಟ್ರು. ಮೈದಾನದ ಆ ತುದಿಯ ಹುಡುಗರನ್ನು ಸೀಟಿಯಿಲ್ಲದೆ ನಿಲ್ಲಿಸುವ ಗಂಟಲು. ಅಂಥ ಗಂಟಲೂ ಪಕ್ಕದ ಕೋಣೆಯಿಂದ ಮೂರ್ನಾಲ್ಕು ಸಲ ಕೂಗಬೇಕಿತ್ತು. ‘ನಾನು ಸತ್ರೂ ನಿಂಗೆ ಗೊತ್ತಾಗಲ್ಲ ಕಣೇ’ ಎಂದು ಅವನು ನಗುತ್ತಿದ್ದ. ಅವಳೂ ನಗುತ್ತಿದ್ದಳು.

ಹಾಗೆಯೇ ಆಯಿತು. ಒಂದು ಭಾನುವಾರ ಮಧ್ಯಾಹ್ನ ಅವನು ಒಂದೇ ಸಲ, ಅದೂ ಮೆಲ್ಲಗೆ, ಸ್ವಲ್ಪ ಬಾ ಇಲ್ಲಿ ಎಂದ. ಅವಳು ಗೋದಾಮಿನವರ ಲೆಕ್ಕದಲ್ಲಿ ಒಂದು ತಪ್ಪು ಹುಡುಕುತ್ತಿದ್ದಳು. ಬಂದೆ ಎಂದಳು. ತಪ್ಪು ಸಿಕ್ಕಿತು, ಸರಿ ಮಾಡಿದಳು, ಎದ್ದು ಹೋದಳು. ಅವನು ಕುರ್ಚಿಯಲ್ಲೇ ಕೂತಿದ್ದ, ಚಪ್ಪಲಿ ಒಂದು ಕಾಲಲ್ಲಿ ಮಾತ್ರ ಇತ್ತು. ನಡುವೆ ಇದ್ದದ್ದು ಒಂದೇ ಗೋಡೆ. ಆಮೇಲೆ ಬಂದ ಡಾಕ್ಟರು, ಬೇಗ ನೋಡಿದ್ದರೂ ಏನೂ ಮಾಡುವ ಹಾಗಿರಲಿಲ್ಲ ಎಂದರು. ಡಾಕ್ಟರುಗಳು ಹಾಗೆ ಹೇಳುತ್ತಾರೆ, ಒಳ್ಳೆಯ ಮನಸ್ಸಿನಿಂದಲೇ ಹೇಳುತ್ತಾರೆ. ಅಕ್ಕ ತಲೆಯಾಡಿಸಿದಳು, ನಂಬಲಿಲ್ಲ. ಅಂದಿನಿಂದ ಆ ಮನೆಯಲ್ಲಿ ಯಾರೂ ಕರೆಯದಿದ್ದರೂ ಅವಳು ಬಂದೆ ಎನ್ನುತ್ತಾಳೆ, ಎದ್ದು ಹೋಗಿ ಖಾಲಿ ಕೋಣೆಯನ್ನು ನೋಡಿ ಬರುತ್ತಾಳೆ.

ಇಂಥ ಕಾಲದಲ್ಲಿ ಅವಳಿಗೆ ಒಂದು ಕಚೇರಿಯ ಕೆಲಸ ಬಂತು. ದೊಡ್ಡಾಸ್ಪತ್ರೆಯ ಹಿಂಭಾಗದಲ್ಲಿ, ಬಟ್ಟೆ ಒಗೆಯುವ ಕೋಣೆಯ ಆಚೆ, ಎರಡು ಕೋಣೆಯ ಒಂದು ಕಟ್ಟಡ. ಬೀದಿಯಲ್ಲಿ, ರೈಲು ಹಳಿಯ ಮೇಲೆ, ನೀರಿನಲ್ಲಿ ಸಿಕ್ಕವರು, ಯಾರೆಂದು ಗೊತ್ತಾಗದೆ ಸತ್ತವರು ಅಲ್ಲಿಗೆ ಬರುತ್ತಾರೆ. ಒಳಗಿನ ಕೋಣೆ ಅವರದು, ಸದಾ ಯಂತ್ರ ಗುಂಯ್‌ಗುಟ್ಟುವ ತಣ್ಣನೆಯ ಕೋಣೆ. ಹೊರಗಿನದು ಗುಮಾಸ್ತನದು. ಅಲ್ಲಿದ್ದ ಪ್ರೋಗ್ರಾಮನ್ನು ಅಕ್ಕನೇ ಮದುವೆಯಾದ ಹೊಸತರಲ್ಲಿ ಬರೆದುಕೊಟ್ಟಿದ್ದಳು. ಬರೀ ಅಕ್ಷರ. ಅಂದಾಜು ವಯಸ್ಸು, ಎತ್ತರ, ಮೈಮೇಲಿನ ಗುರುತು, ಉಟ್ಟ ಬಟ್ಟೆ. ಫೋಟೊಗಳು ಲಕೋಟೆಯಲ್ಲಿ, ಲಕೋಟೆಗಳು ಬೀರುವಿನಲ್ಲಿ.

ಮನೆಯವರನ್ನು ಕಳೆದುಕೊಂಡು ಹುಡುಕಿಕೊಂಡು ಬಂದವರನ್ನು ಮೊದಲೆಲ್ಲ ನೇರ ಒಳಗೇ ಕರೆದೊಯ್ಯುತ್ತಿದ್ದರು. ತಮ್ಮವರು ಇದ್ದಾರೋ ಇಲ್ಲವೋ, ಇದ್ದವರನ್ನೆಲ್ಲ ಒಬ್ಬೊಬ್ಬರಾಗಿ ನೋಡಬೇಕು. ತಮ್ಮವರು ಸಿಗದೆ ಹೊರಗೆ ಬಂದವರೂ ಬಾಗಿಲಲ್ಲೇ ಕುಸಿಯುತ್ತಿದ್ದರು. ಗುಮಾಸ್ತನಿಗೆ ಅದನ್ನು ನೋಡಿ ನೋಡಿ ಸಾಕಾಗಿತ್ತು. ಬಡಕಲು ಮನುಷ್ಯ, ಮಾತಿಗೆ ಮುಂಚೆ ಕೆಮ್ಮುವವನು, ಮೆದು ಮನಸ್ಸು. ‘ಅಕ್ಕಾ, ಪರದೆ ಮೇಲೇ ಮುಖ ತೋರ್ಸೋ ಹಾಗೆ ಮಾಡ್ಕೊಡಿ. ಹೋಲಿಕೆ ಇದ್ರೆ ಮಾತ್ರ ಒಳಗೆ ಕರ್ಕೊಂಡು ಹೋಗ್ತೀನಿ. ಇಲ್ಲದಿದ್ರೆ ಆ ಬಾಗಿಲು ದಾಟೋದು ಬೇಡ’ ಎಂದ. ಕರುಣೆಯಿಂದ ಹುಟ್ಟಿದ ಕೆಲಸ ಅದು. ಮುಂದೆ ಆದದ್ದನ್ನೆಲ್ಲ ಹೇಳುವಾಗ ಈ ಮಾತನ್ನು ಮರೆಯಬಾರದು.

ಆಗುವ ಕೆಲಸವೇ ಆಗಿತ್ತು. ಹಳೆಯ ಕಿಟಕಿಯ ಬಲಗಡೆ ಒಂದು ಚೌಕಟ್ಟು ಇಡಬೇಕು, ಕೆಳಗೆ ಸ್ಕ್ಯಾನ್ ಎಂಬ ಬಟನ್ನು ಇಡಬೇಕು. ಗುಮಾಸ್ತ ಫೋಟೊವನ್ನು ಸ್ಕ್ಯಾನರಿನ ಗಾಜಿನ ಮೇಲೆ ಮಗುಚಿ ಹಾಕಿ ಒತ್ತಿದರೆ ಅದು ಆ ದಾಖಲೆಗೆ ಅಂಟಿಕೊಳ್ಳಬೇಕು. ಮುಂದೆ ದಾಖಲೆ ತೆರೆದಾಗ ಚೌಕಟ್ಟಿನಲ್ಲಿ ಕಾಣಬೇಕು. ಹೇಳಲು ಇಷ್ಟೇ. ಮಾಡಲು ಹೋದರೆ ಹಳೆಯ ಪ್ರೋಗ್ರಾಮಿಗೆ ಹೊಸ ಸ್ಕ್ಯಾನರ್ ಎಂದರೆ ಆಗದು. ಫೋಟೊಗಳು ಒಮ್ಮೆ ಉದ್ದುದ್ದ ಎಳೆದಂತೆ, ಒಮ್ಮೆ ತಲೆಕೆಳಗಾಗಿ, ಒಮ್ಮೆ ಬರೀ ಹಸಿರಾಗಿ ಬಂದವು. ಅಕ್ಕ ಮನೆಯಲ್ಲೇ ಕೂತು ಅವುಗಳನ್ನು ದಾರಿಗೆ ತಂದಳು.

ಪರೀಕ್ಷೆ ಮಾಡಲು ಒಂದು ಫೋಟೊ ಬೇಕಲ್ಲ. ಸತ್ತವರ ಫೋಟೊವನ್ನು ಮನೆಗೆ ತರುವಂತಿಲ್ಲ. ಮೇಜಿನ ಖಾನೆಯಲ್ಲಿ ಕೈಗೆ ಸಿಕ್ಕಿದ್ದು ಗಂಡನದು. ಕೆಲಸಕ್ಕೆ ಅರ್ಜಿ ಹಾಕುವಾಗ ತೆಗೆಸಿದ್ದ ಪಾಸ್‌ಪೋರ್ಟ್ ಅಳತೆಯ ಫೋಟೊ, ಇಪ್ಪತ್ತೈದರ ಆಸುಪಾಸು, ಬಾಚಿದ ಕೂದಲು, ಬೆಳೆಯಲೋ ಬೇಡವೋ ಎನ್ನುವ ಮೀಸೆ. ಅದನ್ನೇ ಸ್ಕ್ಯಾನ್ ಮಾಡಿದಳು. ಚೌಕಟ್ಟಿನ ಅಳತೆ ಸರಿಯಿದೆಯೇ ನೋಡಲೆಂದು ಪ್ರೋಗ್ರಾಮಿನೊಳಗೇ, ಚೌಕಟ್ಟಿಗೇ ಅದನ್ನು ಕೂರಿಸಿದಳು. ಅಲ್ಲಿಂದ ಕಿಟಕಿ ತೆರೆದಾಗಲೆಲ್ಲ ಮೊದಲು ಅವನು ಬರುತ್ತಿದ್ದ. ಆಮೇಲೆ ದಾಖಲೆಯ ಫೋಟೊ ಬಂದು ಅವನ ಮೇಲೆ ಕೂರುತ್ತಿತ್ತು.

ಈ ಕಸುಬಿನವರು ಪರೀಕ್ಷೆಗೆ ಇಟ್ಟದ್ದನ್ನು ಕೊನೆಗೆ ತೆಗೆಯುತ್ತಾರೆ. ಅಕ್ಕನಿಗೆ ಅದು ಗೊತ್ತಿಲ್ಲದ ವಿಷಯವಲ್ಲ. ಆದರೆ ಅವನು ದಿನಾ ಬೆಳಗ್ಗೆ ಪರದೆಯ ಮೇಲೆ ಬರುತ್ತಿದ್ದ. ಅವಳು ಕೆಲಸ ಮಾಡುವ ಕಡೆಗೇ ಬಂದು, ಅವಳ ಎದುರಿಗೇ ಕೂತು, ಅವಳನ್ನೇ ನೋಡುತ್ತಿದ್ದ. ಬದುಕಿದ್ದಾಗ ಕೂಗಿ ಕೂಗಿ ಸೋತವನಿಗೆ ಈಗ ಕೂಗುವ ಅಗತ್ಯವೇ ಇರಲಿಲ್ಲ. ಮುಗಿಸಿಕೊಡುವ ದಿನ ಬೆಳಗ್ಗೆ ಅವಳು ಅವನನ್ನು ತೆಗೆಯಲು ಹೋದಳು, ಇನ್ನೊಂದು ಸಲ ನೋಡೋಣ ಎಂದುಕೊಂಡಳು, ಗುಮಾಸ್ತನ ಫೋನ್ ಬಂತು, ಸಾಹೇಬರು ಕಾಯುತ್ತಿದ್ದಾರೆ ಎಂದ. ಪ್ರೋಗ್ರಾಮನ್ನು ಹಾಗೆಯೇ ತೆಗೆದುಕೊಂಡು ಹೋಗಿ ಹಾಕಿಕೊಟ್ಟಳು. ಮರೆವು ಎನ್ನಬಹುದು. ನನಗೇನೋ ಅದು ಪೂರ್ತಿ ಮರೆವು ಅನ್ನಿಸುವುದಿಲ್ಲ.

ಹಾಕಿಕೊಟ್ಟ ದಿನ ತೆರೆದು ತೋರಿಸಿದ ನಾಲ್ಕಾರು ದಾಖಲೆಗಳಿಗೂ ಸ್ಕ್ಯಾನ್ ಮಾಡಿದ ಫೋಟೊ ಇತ್ತು. ಅವರವರ ಮುಖ ಬಂತು. ಫೋಟೊ ಇಲ್ಲದ ದಾಖಲೆ ತೆರೆದರೆ ಏನು ಕಾಣಬೇಕು? ಚೌಕಟ್ಟು ಖಾಲಿಯಾಗಬೇಕು. ಆದರೆ ಖಾಲಿಯಾಗು ಎಂದು ಅದಕ್ಕೆ ಯಾರಾದರೂ ಹೇಳಬೇಕಲ್ಲ, ಅಕ್ಕ ಹೇಳಿರಲಿಲ್ಲ. ಸಾಹೇಬರು ಭೇಷ್ ಎಂದರು. ಗುಮಾಸ್ತ ಕೆಮ್ಮಿ, ಟೀ ತರಿಸಿದ.

ಕೆಲವು ತಿಂಗಳು ಯಾರ ಸುದ್ದಿಯೂ ಇಲ್ಲ. ಆಮೇಲೆ ಒಂದು ದಿನ ಗುಮಾಸ್ತನ ಫೋನು. ಅವನ ದನಿ ಎಂದಿನಂತಿರಲಿಲ್ಲ. ಸುತ್ತುಬಳಸಿ, ಕೆಮ್ಮಿ, ಕಡೆಗೆ ಹೇಳಿದ.

‘ಅಕ್ಕಾ, ನಗ್ಬೇಡಿ. ನಿಮ್ಮ ಪ್ರೋಗ್ರಾಮಿನಲ್ಲಿ ಒಬ್ಬನೇ ಮನುಷ್ಯ ಮತ್ತೆ ಮತ್ತೆ ಸಾಯ್ತಾ ಇದ್ದಾನೆ.’

ಹಳೆಯ ಲಕೋಟೆಗಳನ್ನು ಸ್ಕ್ಯಾನ್ ಮಾಡಲೆಂದು ಹಿಂದಿನ ವರ್ಷಗಳ ದಾಖಲೆ ತೆರೆಯತೊಡಗಿದನಂತೆ. ಹೊಸ ದಾಖಲೆಗಳಲ್ಲಿ ಒಂದೊಂದಾಗಿ ಕಂಡಾಗ ಗಮನಕ್ಕೆ ಬರದಿದ್ದದ್ದು ಈಗ ಸಾಲಾಗಿ ಬಂತು. ರೈಲಿಗೆ ಸಿಕ್ಕವನು ಎಂದು ತೆರೆದರೆ ಅದೇ ಮುಖ. ಕೆರೆಯಲ್ಲಿ ಸಿಕ್ಕವನು ಎಂದು ತೆರೆದರೂ ಅದೇ. ಒಬ್ಬ ಮುದುಕಿಯ ದಾಖಲೆಯಲ್ಲೂ ಮೀಸೆಯ ಅದೇ ಯುವಕ ನೆಟ್ಟಗೆ ನೋಡುತ್ತಿದ್ದ. ಗುಮಾಸ್ತ ದೆವ್ವಗಿವ್ವ ನಂಬುವವನಲ್ಲ. ಆ ಕಚೇರಿಯಲ್ಲಿ ಅಷ್ಟು ವರ್ಷ ಕೂತವನು ನಂಬಿದರೆ ಬದುಕುವುದೂ ಕಷ್ಟ. ಆದರೂ ಎರಡು ದಿನದಿಂದ ಗೋಡೆಗೆ ಬೆನ್ನು ಕೊಟ್ಟು ಕೂತು ಕೆಲಸ ಮಾಡುತ್ತಿದ್ದೇನೆ ಎಂದ.

ಅಕ್ಕನಿಗೆ ಅಲ್ಲೇ ಎಲ್ಲ ತಿಳಿಯಿತು. ಕೂಡಲೇ ಹೊರಟಳು. ಅವಳು ಹೋಗುವ ಹೊತ್ತಿಗೆ ಗುಮಾಸ್ತ ಆ ಕಿಟಕಿಯನ್ನು ತೆರೆದೇ ಇಟ್ಟಿದ್ದ. ಎಡಗಡೆ ಅವಳೇ ಬರೆದ ಬೂದು ಚೌಕಗಳಲ್ಲಿ ಅಪರಿಚಿತ ಗಂಡಸು, ನೀರಿನಲ್ಲಿ ಸಿಕ್ಕಿದ್ದು, ವಾರಸುದಾರರಿಲ್ಲ ಎಂದಿತ್ತು. ಬಲಗಡೆ ಅವಳ ಗಂಡ. ಇಷ್ಟು ತಿಂಗಳು ಅವನು ಈ ಕೋಣೆಯಲ್ಲಿ, ಯಾರ್‍ಯಾರದೋ ಸಾವನ್ನು ಹೊತ್ತುಕೊಂಡು, ವಾರಸುದಾರರಿಲ್ಲ ಎಂಬ ಮಾತಿನ ಪಕ್ಕದಲ್ಲಿ ಕೂತಿದ್ದ.

ಇವರು ನಮ್ಮ ಮನೆಯವರು ಎಂದಳು. ಗುಮಾಸ್ತ ಕೆಮ್ಮಲೂ ಮರೆತ. ಚೌಕಟ್ಟಿನ ಕಥೆಯನ್ನು ಅವನಿಗೆ ಬಿಡಿಸಿ ಹೇಳಿದಳು. ಹೇಳುತ್ತಲೇ ಸರಿ ಮಾಡಿದಳು. ಗಂಡನ ಮುಖವನ್ನು ತೆಗೆದಳು, ಫೋಟೊ ಇಲ್ಲದಿದ್ದರೆ ಚೌಕಟ್ಟು ಬರಿದಾಗುವಂತೆ ಎರಡು ಸಾಲು ಬರೆದಳು. ಅಷ್ಟೇ, ಎರಡು ಸಾಲು. ಕೆಲಸ ಮುಗಿಯಿತು ಎಂದು ಎದ್ದು ನಿಂತವಳು ಒಂದು ಮಾತು ಹೊಳೆದು ಮತ್ತೆ ಕೂತಳು. ಈ ಮುಖವನ್ನು ಹುಡುಕಿಕೊಂಡು ಬಂದವರಿಗೆ ಯಾರಿಗಾದರೂ ತೋರಿಸಿದ್ದಿರಾ ಎಂದು ಕೇಳಿದಳು.

ಗುಮಾಸ್ತನ ಮುಖ ಇಳಿಯಿತು. ಒಬ್ಬರಿಗೆ, ಎಂದ.

ಬಸ್ ನಿಲ್ದಾಣದ ಹಿಂದೆ ಹೊಲಿಗೆ ಅಂಗಡಿ ಇಟ್ಟುಕೊಂಡಿರುವ ಹೆಂಗಸು. ಮಗ ಕೆಲಸಕ್ಕೆಂದು ಹೋದವನು ಬಂದಿಲ್ಲ, ಚೌಕಳಿ ಅಂಗಿ ಹಾಕಿದ್ದ ಎಂದು ಬಂದಿದ್ದಳು. ಬೆರಳಗಲದ ಒಂದು ಫೋಟೊ ತೋರಿಸಿದ್ದಳು. ಎರಡು ದಿನದ ಹಿಂದೆ ತಂದ ಒಬ್ಬನ ದಾಖಲೆಗೆ ವಯಸ್ಸು, ಎತ್ತರ, ಚೌಕಳಿ ಅಂಗಿ ಎಲ್ಲವೂ ಕೂಡಿಬರುತ್ತಿತ್ತು. ಆದರೆ ಅವನ ಫೋಟೊ ಇನ್ನೂ ಲಕೋಟೆಯಲ್ಲಿತ್ತು. ಸ್ಕ್ಯಾನ್ ಮಾಡುವುದು ಶನಿವಾರ ಮಾತ್ರ. ದಾಖಲೆ ತೆರೆದಾಗ ಮೀಸೆಯ ಯುವಕನ ಮುಖ ಬಂತು. ಸತ್ತವರ ಜೇಬಿನಲ್ಲಿ ಪಾಸ್‌ಪೋರ್ಟ್ ಅಳತೆಯ ಫೋಟೊ ಏನಾದರೂ ಸಿಕ್ಕರೆ ಅದನ್ನೇ ಮೊದಲು ಸ್ಕ್ಯಾನ್ ಮಾಡುವುದು ಗುಮಾಸ್ತ ಮಾಡಿಕೊಂಡ ಪದ್ಧತಿ, ನೋಡುವವರಿಗೆ ಅಷ್ಟು ಭಯವಾಗದಿರಲಿ ಎಂದು. ಇದೂ ಹಾಗೆಯೇ, ತಾನೇ ಯಾವಾಗಲೋ ಹಾಕಿರಬೇಕು ಎಂದುಕೊಂಡ. ಪರದೆಯನ್ನು ಅವಳ ಕಡೆ ತಿರುಗಿಸಿದ. ಅವಳು ಬಗ್ಗಿ ನೋಡಿ, ಅಲ್ಲ, ನನ್ನ ಮಗ ಅಲ್ಲ ಎಂದಳು. ಹೋದ ಜೀವ ಬಂದಂತಾಗಿ ಅತ್ತಳು, ನಕ್ಕಳು. ಹೋಗುವಾಗ ಗುಮಾಸ್ತನ ಅಂಗಿಯ ತೋಳು ಬಿಚ್ಚಿರುವುದನ್ನು ಕಂಡು, ಅಂಗಡಿಗೆ ಬನ್ನಿ ಹೊಲಿದುಕೊಡುತ್ತೇನೆ ಎಂದಳು. ಅವನು ಹೋಗಿದ್ದ. ಅವಳು ಹೊಲಿದುಕೊಟ್ಟಿದ್ದಳು.

ಅಕ್ಕ ಆ ದಾಖಲೆ ತೆರೆಯಲು ಹೇಳಿದಳು. ಈಗ ಅದರಲ್ಲಿ ಫೋಟೊ ಇತ್ತು, ಆ ಶನಿವಾರವೇ ಸ್ಕ್ಯಾನ್ ಆಗಿತ್ತು. ಫೋಟೊ ಸೊಟ್ಟಗಿದೆಯೇ ನೆಟ್ಟಗಿದೆಯೇ ಎಂದಷ್ಟೇ ನೋಡಿ ಮುಖವನ್ನು ನೋಡದಿರುವುದನ್ನು ಗುಮಾಸ್ತ ರೂಢಿ ಮಾಡಿಕೊಂಡಿದ್ದ. ದಿನಾ ಅದೇ ಕೆಲಸ ಮಾಡುವವನು ಇನ್ನೇನು ಮಾಡಬೇಕು? ಈಗ ನೋಡಿದ. ಬಹಳ ಹೊತ್ತು ನೋಡಿದ. ಅವಳು ತೋರಿಸಿದ್ದ ಫೋಟೊದಲ್ಲಿ ಇದ್ದವನು ಇವನೇ ಎಂದ. ದೇಹ ಎಲ್ಲಿ ಎಂದು ಅಕ್ಕ ಕೇಳಿದಳು. ಅವಳು ಬಂದುಹೋಗಿ ವಾರ ಕಳೆದ ಮೇಲೆ, ಯಾರೂ ಬರಲಿಲ್ಲವೆಂದು ಮಣ್ಣು ಮಾಡಿದ್ದರು. ಅವಳು ಬಂದ ದಿನ ಅವನು ಒಳಗೇ ಇದ್ದ.

ಸಾಹೇಬರಿಗೆ ಹೇಳಿದರು. ಸಾಹೇಬರು ಬಾಗಿಲು ಹಾಕಿಸಿ, ದನಿ ತಗ್ಗಿಸಿ, ಆದದ್ದು ಆಗಿಹೋಯಿತು, ಈಗ ಹೇಳಿ ಆ ತಾಯಿಗೆ ಏನು ಕೊಟ್ಟ ಹಾಗಾಗುತ್ತದೆ ಎಂದರು. ಕಚೇರಿಯ ಹೆಸರು ಬೀದಿಗೆ ಬರುತ್ತದೆ ಎಂಬುದನ್ನು ಬಾಯಿಬಿಟ್ಟು ಹೇಳಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ. ಗುಮಾಸ್ತನೂ ಮೆಲ್ಲಗೆ ಅದನ್ನೇ ಅಂದ. ಆ ಹೆಂಗಸು ನೆಮ್ಮದಿಯಾಗಿದ್ದಾಳೆ ಅಕ್ಕಾ, ಮಗ ಎಲ್ಲೋ ಇದ್ದಾನೆ ಅಂದುಕೊಂಡಿದ್ದಾಳೆ, ನಾನು ಕಣ್ಣಾರೆ ನೋಡಿದ್ದೇನೆ ಎಂದ. ಅಕ್ಕ ಚೀಲ ತೆಗೆದುಕೊಂಡು ಮನೆಗೆ ಹೋದಳು.

ಸುಮ್ಮನಿರಬಹುದಿತ್ತು. ಸುಮ್ಮನಿರಲು ಅವಳು ಪ್ರಯತ್ನವನ್ನೂ ಪಟ್ಟಳು. ಹಲ್ಲಿನ ಡಾಕ್ಟರರ ಪ್ರೋಗ್ರಾಮು ತೆರೆದು ಕೂತಳು. ಆದರೆ ಈಗ ಪರದೆಯಲ್ಲಿ ಗಂಡನಿರಲಿಲ್ಲ, ಅವನ ಜಾಗದಲ್ಲಿ ಆ ಹುಡುಗ ಕೂತುಬಿಟ್ಟಿದ್ದ. ಫೋಟೊ ಏನೂ ಇಲ್ಲದ ಕಡೆಯೂ ಕಾಣುತ್ತಿದ್ದ. ಹಲ್ಲು ನೋವಿನವರ ಹೆಸರುಗಳ ಪಕ್ಕದಲ್ಲಿ, ಕನ್ನಡಿಯ ಮೂಲೆಯಲ್ಲಿ, ಗಂಡನ ಖಾಲಿ ಕುರ್ಚಿಯಲ್ಲಿ. ಪಕ್ಕದ ಕೋಣೆಯಿಂದ ಕರೆದಂತಾಗಿ ಎದ್ದು ಹೋದರೆ ಕರೆದದ್ದು ಗಂಡನ ದನಿಯಲ್ಲ. ಅವಳಿಗೆ ಹೆದರಿಕೆಯಾಗತೊಡಗಿತು. ಎಲ್ಲಕ್ಕಿಂತ ಅವಳನ್ನು ತಿಂದದ್ದು ಒಂದೇ ಯೋಚನೆ. ಗೋಡೆಯಾಚೆ ತನ್ನವನು ಇದ್ದಾನೆ ಎಂದು ತಿಳಿಯದೆ ಈಚೆ ಕೂತಿರುವುದು ಏನು ಎಂದು ಅವಳಿಗೆ ಗೊತ್ತಿತ್ತು. ಅದನ್ನೇ ಇನ್ನೊಬ್ಬಳಿಗೆ ತಾನು ಮಾಡಿಟ್ಟಿದ್ದಳು. ಮೂರನೆಯ ದಿನಕ್ಕೆ ಬಸ್ ನಿಲ್ದಾಣದ ಹಿಂದಿನ ಬೀದಿಗೆ ಹೋದಳು.

ಇಬ್ಬರು ನಿಂತರೆ ತುಂಬುವ ಅಂಗಡಿ. ಗೋಡೆಗೆ ದಾರದ ಉಂಡೆಗಳು, ಮೂಲೆಯಲ್ಲಿ ಬಟ್ಟೆಯ ಚೂರುಗಳ ರಾಶಿ, ನಡುವೆ ಹೊಲಿಗೆ ಯಂತ್ರ. ಹೊಲಿಗೆಯವಳು ದುಂಡುಮುಖದ, ಚುರುಕು ಮಾತಿನ ಹೆಂಗಸು. ಗಿರಾಕಿ ಎಂದುಕೊಂಡು ಸ್ಟೂಲು ಎಳೆದುಕೊಟ್ಟಳು. ಅಕ್ಕ, ಚೀಲದ ಹಿಡಿ ಕಿತ್ತಿದೆ ಎಂದಳು. ಕಿತ್ತಿರಲಿಲ್ಲ, ಸ್ವಲ್ಪ ಸಡಿಲವಾಗಿತ್ತು. ಹೊಲಿಗೆಯವಳು ಅದನ್ನು ತೆಗೆದುಕೊಳ್ಳಲು ಯಂತ್ರದ ಮೇಲಿದ್ದ ಅಂಗಿಯನ್ನು ಸರಿಸಿದಳು. ನೀಲಿ ಅಂಗಿ, ಒಂದು ತೋಳು ಮಾತ್ರ ಬಾಕಿ. ಮಗನದು, ಬಂದ ಮೇಲೆ ಹಾಕಿಕೊಳ್ಳಲಿ ಎಂದು, ಅಳತೆ ನೆನಪಿನಲ್ಲೇ ಇದೆ ಎಂದಳು. ಇವನು ಮೊದಲಿಂದಲೂ ಹೀಗೇ, ಹೇಳದೆ ಕೇಳದೆ ಹೋಗುವುದು, ಬಂದಾಗ ಬೆನ್ನ ಮೇಲೆ ನಾಲ್ಕು ಬಾರಿಸಬೇಕು ಎಂದು ನಕ್ಕಳು.

ಅಕ್ಕ ತಾನು ಆಸ್ಪತ್ರೆಯ ಹಿಂದಿನ ಕಚೇರಿಯಿಂದ ಬಂದವಳು ಎಂದಳು. ಹೊಲಿಗೆಯವಳ ಕಾಲು ಯಂತ್ರದ ಮೇಲೆ ನಿಂತಿತು. ಹೆದರಿಕೆ ಅಲ್ಲ, ಬೇರೇನೋ ನೆನಪಾದಂತೆ ಮುಖ ಮೃದುವಾಯಿತು.

‘ಅಲ್ಲಿ ಕಂಪ್ಯೂಟರಿನಲ್ಲಿ ಒಬ್ಬರನ್ನ ನೋಡಿದೆ ನಾನು. ಮೀಸೆ ಇತ್ತು. ನನ್ನ ಮಗ ಅಲ್ಲ ಅಂತ ಗೊತ್ತಾದ ತಕ್ಷಣ ಅಷ್ಟು ಸಂತೋಷ ಪಟ್ಬಿಟ್ಟೆ. ಮನೆಗೆ ಬಂದ್ಮೇಲೆ ಅದೇ ಯೋಚನೆ. ಅವರೂ ಯಾರೋ ಹೆತ್ತ ಮಗನೇ ಅಲ್ವಾ? ದಿನಾ ನೆನೆಸ್ಕೋತೀನಿ. ಅವರನ್ನ ಕರ್ಕೊಂಡು ಹೋಗೋಕೆ ಯಾರಾದ್ರೂ ಬಂದ್ರಾ ಅಮ್ಮಾ?’

‘ಅವರು ನನ್ನ ಗಂಡ’ ಎಂದಳು ಅಕ್ಕ.

ಹೊಲಿಗೆಯವಳು ಎದ್ದು ಬಂದು ಅವಳ ಎರಡೂ ಕೈ ಹಿಡಿದುಕೊಂಡಳು. ಅಯ್ಯೋ ತಾಯೀ ಎಂದಳು. ಎಷ್ಟು ಚಿಕ್ಕ ವಯಸ್ಸು, ಯಾವಾಗ ಗೊತ್ತಾಯಿತು, ಒಬ್ಬರೇ ಹೋಗಿ ನೋಡಿದಿರಾ, ಜೊತೆಗೆ ಯಾರೂ ಇರಲಿಲ್ಲವಾ ಎಂದು ಕೇಳುತ್ತ, ಅಕ್ಕನ ನೆರೆತ ಕೂದಲಿಗೂ ಆ ಫೋಟೊದ ವಯಸ್ಸಿಗೂ ತಾಳೆ ಹಾಕದೆ, ಕಣ್ಣಲ್ಲಿ ನೀರು ತಂದುಕೊಂಡಳು. ನೀರು ತಂದುಕೊಟ್ಟಳು. ಬೆನ್ನು ಸವರಿದಳು. ಗಂಡ ಸತ್ತ ಮೇಲೆ ಅಕ್ಕನ ಬೆನ್ನನ್ನು ಹಾಗೆ ಯಾರೂ ಸವರಿರಲಿಲ್ಲ. ಅವಳಿಗೆ ಅಲ್ಲೇ ತಲೆಯಿಟ್ಟು ಅತ್ತುಬಿಡಬೇಕು, ಅತ್ತು ಎದ್ದು ಹೋಗಿಬಿಡಬೇಕು ಎನ್ನಿಸಿತು. ಹೋಗಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಸಮಾಧಾನ ಬೇಕಿದ್ದವಳಿಗೆ ಸಮಾಧಾನ ಸಿಕ್ಕಿತ್ತು, ಭರವಸೆ ಬೇಕಿದ್ದವಳ ಹತ್ತಿರ ಭರವಸೆ ಉಳಿಯುತ್ತಿತ್ತು. ಅಕ್ಕ ಆ ಕೈಯನ್ನು ಬೆನ್ನಿನ ಮೇಲಿಂದ ಮೆಲ್ಲಗೆ ತೆಗೆದಳು.

‘ಇಲ್ಲಮ್ಮ. ನಮ್ಮ ಮನೆಯವರು ಮನೇಲೇ ತೀರ್ಕೊಂಡ್ರು, ಯಾವಾಗಲೋ. ಅವರು ಆ ಕಚೇರೀಲಿ ಯಾವತ್ತೂ ಇರ್ಲಿಲ್ಲ. ನಾನು ಮಾಡಿದ ತಪ್ಪಿಂದ ಅವರ ಫೋಟೊ ಅಲ್ಲಿ ಕಾಣಿಸ್ತು. ನಿಮಗೆ ತೋರ್ಸಿದ ದಾಖಲೆ ಅವರದಲ್ಲ.’

ಹೊಲಿಗೆಯವಳಿಗೆ ಮೊದಲು ಅರ್ಥವಾಗಲಿಲ್ಲ. ಅಕ್ಕ ಮತ್ತೆ ಹೇಳಿದಳು. ಚೌಕಟ್ಟು, ಖಾಲಿ ಇರಬೇಕಾದ ಜಾಗ, ಅಲ್ಲಿ ಕೂತ ಮುಖ, ಎಲ್ಲವನ್ನೂ ಹೇಳಿದಳು. ಬೀದಿಯಲ್ಲಿ ಬಸ್ಸೊಂದು ಹಿಂದಕ್ಕೆ ಸರಿಯುತ್ತ ಸದ್ದು ಮಾಡಿತು. ಹೊಲಿಗೆಯವಳು ನೀಲಿ ಅಂಗಿಯನ್ನು ಮಡಿಲಿಗೆ ಎಳೆದುಕೊಂಡಳು.

‘ಹಂಗಾದ್ರೆ ಅಲ್ಲಿ ಇದ್ದದ್ದು ಯಾರು?’

ಚೌಕಳಿ ಅಂಗಿಯ ಹುಡುಗ ಎಂದಳು ಅಕ್ಕ. ಅದಕ್ಕಿಂತ ಹೆಚ್ಚು ಹೇಳುವ ಅಗತ್ಯ ಬರಲಿಲ್ಲ. ಹೊಲಿಗೆಯವಳು ಅಂಗಡಿಗೆ ಬೀಗ ಹಾಕಿದಳು. ಬೀಗ ಕೂಡಿಕೊಳ್ಳದೆ ಎರಡು ಸಲ ಜಾರಿತು, ಅಕ್ಕ ಹಾಕಿಕೊಟ್ಟಳು. ಬಸ್ಸಿನಲ್ಲಿ ಇಬ್ಬರೂ ಪಕ್ಕಪಕ್ಕ ಕೂತರು. ದಾರಿಯುದ್ದಕ್ಕೂ ಹೊಲಿಗೆಯವಳು ಒಂದೇ ಮಾತು ಆಡಿದಳು, ಚೌಕಳಿ ಅಂಗಿ ಎಷ್ಟೋ ಜನ ಹಾಕುತ್ತಾರೆ ಎಂದು. ಹೌದು ಎಂದಳು ಅಕ್ಕ.

ಗುಮಾಸ್ತ ಅವರಿಬ್ಬರನ್ನೂ ಬಾಗಿಲಲ್ಲಿ ಕಂಡವನೇ ಎದ್ದು ನಿಂತ. ಪರದೆಯನ್ನು ತಿರುಗಿಸಲು ಹೋದಾಗ ಹೊಲಿಗೆಯವಳು ಬೇಡ ಎಂದಳು. ಅದರಲ್ಲಿ ಬರುವುದನ್ನು ತಾನು ನಂಬುವುದಿಲ್ಲ, ಕೈಗೆ ಕೊಡಿ ಎಂದಳು. ಅವನು ಬೀರು ತೆಗೆದು ಲಕೋಟೆ ತಂದುಕೊಟ್ಟ. ಅವಳು ಫೋಟೊ ತೆಗೆದಳು. ಮೊದಲು ನೋಡಿದ್ದು ಮುಖವನ್ನಲ್ಲ, ಅಂಗಿಯ ಕಾಲರನ್ನು. ಬೆರಳಿನಿಂದ ಅದರ ಅಂಚನ್ನು ಸವರಿದಳು. ನಾನೇ ಹೊಲಿದದ್ದು, ಚೌಕಳಿ ಕೂಡಿಸಲು ಎರಡು ಸಲ ಬಿಚ್ಚಿದ್ದೆ ಎಂದಳು. ಆಮೇಲೆ ಮುಖ ನೋಡಿದಳು. ಇವನನ್ನು ಮಣ್ಣು ಮಾಡಿಬಿಟ್ಟಿದ್ದೇವೆ ಅಮ್ಮಾ ಎಂದ ಗುಮಾಸ್ತ, ನೆಲ ನೋಡುತ್ತ.

ಅವಳು ಫೋಟೊದಿಂದ ಕಣ್ಣೆತ್ತಿ ಕೇಳಿದಳು. ‘ಅವತ್ತು ನಾನು ಬಂದಾಗ ಇವನು ಎಲ್ಲಿದ್ದ?’

ಗುಮಾಸ್ತ ಕೆಮ್ಮಿದ. ಏನೋ ಹೇಳಲು ಹೊರಟ, ಅವತ್ತಿಗಾಗಲೇ ಮಣ್ಣು ಮಾಡಿಯಾಗಿತ್ತು ಎಂದು ಹೇಳಲಿದ್ದನೋ ಏನೋ. ಹಾಗೆ ಹೇಳಿದ್ದರೂ ಅವನನ್ನು ದೂರುವಂತಿರಲಿಲ್ಲ. ಅಕ್ಕ ಅವನನ್ನು ತಡೆದಳು.

‘ಇಲ್ಲೇ ಇದ್ರು ಅಮ್ಮಾ. ಈ ಗೋಡೆ ಆಚೆ. ನಾನು ಆ ತಪ್ಪು ಮಾಡದೇ ಇದ್ದಿದ್ರೆ ನೀವು ಅವತ್ತೇ ಕರ್ಕೊಂಡು ಹೋಗ್ತಿದ್ರಿ.’

ಹೊಲಿಗೆಯವಳು ಗೋಡೆಯನ್ನು ನೋಡಿದಳು. ಸುಣ್ಣ ಎದ್ದ ಸಾದಾ ಗೋಡೆ, ಒಂದು ಸ್ವಿಚ್ಚು, ಕೊಡೆ ತೂಗುಹಾಕಲು ಒಂದು ಮೊಳೆ. ಆಚೆ ಯಂತ್ರ ಎಂದಿನಂತೆ ಗುಂಯ್‌ಗುಡುತ್ತಿತ್ತು. ಅವಳು ಬೆಂಚಿನ ಮೇಲೆ ಕೂತಳು. ಅಕ್ಕ ಎದುರಿಗೆ ನಿಂತೇ ಇದ್ದಳು, ಬಯ್ಯಲಿ ಎಂದು, ಹೊಡೆದರೆ ಹೊಡೆಯಲಿ ಎಂದು.

‘ಇಷ್ಟು ದಿನ ನನ್ನ ಮಗ ಬದುಕಿದ್ದ’ ಎಂದಳು ಹೊಲಿಗೆಯವಳು. ದನಿ ಏರಲಿಲ್ಲ. ‘ಅದನ್ನ ಕೊಟ್ಟೋರೂ ನೀವೇ, ಕಿತ್ಕೊಂಡೋರೂ ನೀವೇ. ಶಾಪ ಹಾಕೋಣ ಅಂದ್ರೆ ಬಾಯಿ ಬರ್ತಿಲ್ಲ, ಹೋಗ್ಲಿ ಬಿಡಿ ಅನ್ನೋಕೂ ಬರ್ತಿಲ್ಲ.’ ಫೋಟೊವನ್ನು ಎದೆಗೆ ಒತ್ತಿಕೊಂಡಳು. ‘ನೀವು ಎಲ್ಲೂ ಹೋಗ್ಬೇಡಿ. ನಾನು ಈಗ ಅಳ್ತೀನಿ. ನೀವು ಇಲ್ಲೇ ಇದ್ದು ನೋಡ್ಬೇಕು.’

ಗುಮಾಸ್ತ ಮೆಲ್ಲಗೆ ಹೊರಗೆ ಹೋಗಿ ಬಾಗಿಲು ಎಳೆದುಕೊಂಡ. ಅಕ್ಕ ನೆಲದ ಮೇಲೆ, ಅವಳ ಕಾಲಿನ ಹತ್ತಿರ ಕೂತಳು. ಹೊಲಿಗೆಯವಳು ಅತ್ತಳು. ಅಕ್ಕ ಅವಳ ಮುಖದಿಂದ ಕಣ್ಣು ತೆಗೆಯಲಿಲ್ಲ.